ಗಿರಣಿ ಸುಶೀಲವ್ವ ರೆಕ್ಕೆ ಕಟ್ಟಿದ್ದು

ಚಿಕ್ಕೇರೂರಿನ ಗಿರಣಿ ಸುಶೀಲವ್ವನಿಗೆ ಸಿಟ್ಟು ಬಂದರೆ ಅದು ಮೊದಲು ಗೊತ್ತಾಗುತ್ತಿದ್ದದ್ದು ಊರಿನ ರೊಟ್ಟಿಗಳಿಗೆ. ಹಿಟ್ಟು ದಪ್ಪ ಬೀಳುತ್ತಿತ್ತು, ಬಡಿಯುವಾಗ ರೊಟ್ಟಿಯ ಅಂಚು ಸೀಳುತ್ತಿತ್ತು, ಗಂಡಸರು ತಾಟಿನ ಮುಂದೆ ಕೂತು ಗೊಣಗುತ್ತಿದ್ದರು. ಅವಳೆದುರು ಹೇಳುವ ಧೈರ್ಯ ಯಾರಿಗೂ ಇರಲಿಲ್ಲ. ಹೇಳಿದರೆ ಮರುದಿನದ ಹಿಟ್ಟು ಇನ್ನೂ ದಪ್ಪ. ಆದರೂ ಸುಶೀಲವ್ವನ ಸಿಟ್ಟು ಹಾಲು ಉಕ್ಕಿದಂತೆ. ಉಕ್ಕಿತು, ಇಳಿಯಿತು, ಸಂಜೆಗೆ ಅವಳೇ ಕರೆದು ಚಹಾ ಕುಡಿಸುತ್ತಿದ್ದಳು. ಹಾಗೆ ಇಳಿಯದೆ ನಿಂತ ಸಿಟ್ಟು ಅವಳ ಬಾಳಿನಲ್ಲಿ ಒಂದೇ. ಅದಕ್ಕೆ ಹೆಸರಿತ್ತು, ಊರೂ ಇತ್ತು. ಹಾನಗಲ್ಲಿನ ಶರಣು.

ಶರಣು ಅವಳ ಮಗಳು ಶ್ವೇತಾಳನ್ನು ನೋಡಲು ಬಂದಿದ್ದ ವರ. ಶ್ವೇತಾ ಹಿರೇಕೆರೂರಿನ ಬೀಜ-ಗೊಬ್ಬರದ ಅಂಗಡಿಯಲ್ಲಿ ಬಿಲ್ಲು ಮಾಡುವ ಕೆಲಸಕ್ಕೆ ದಿನಾ ಬಸ್ಸಿನಲ್ಲಿ ಹೋಗಿಬರುವ ಹುಡುಗಿ. ಮಾತು ಕಡಿಮೆ, ನಗು ಹೆಚ್ಚು. ಅವಳು ಅವಲಕ್ಕಿಯ ತಾಟು ಹಿಡಿದು ಪಡಸಾಲೆಗೆ ಬಂದಾಗಲೂ ಶರಣುವಿನ ಎರಡು ಹೆಬ್ಬೆರಳು ಮೊಬೈಲಿನ ಮೇಲೆ ಕುಣಿಯುತ್ತಿದ್ದವು. ಸುಶೀಲವ್ವನ ಗಂಡ ಚನ್ನವೀರಪ್ಪ, ಜಗಳವೆಂದರೆ ಹತ್ತು ಹೊಲ ದಾಟಿ ಓಡುವ ಮನುಷ್ಯ, ಮಾತಿಗೊಂದು ನೆಪ ಬೇಕಲ್ಲ ಎಂದು ಕೇಳಿದ:

"ಏನ್ರಿ ಅದು, ಅಷ್ಟ ಮಗ್ನ ಆಗಿ ನೋಡಾಕತ್ತೀರಿ?"

"ಆಟರಿ ಮಾವಾರ. ಇದರಾಗ ಬರೇ ಅಡವಿ, ಗುಡ್ಡ. ನಾವ ಕಟಗಿ ಕಡದು, ಕಲ್ಲ ಒಡದು, ಬೆಳಿ ಬೆಳದು ಬದುಕಬೇಕು. ಇದು ನೋಡ್ರಿ, ನನ್ನ ಕೋಟಿ. ಆಕಾಶದಾಗ ಕಟ್ಟೇನಿ. ರೆಕ್ಕಿ ಇಲ್ದ ಯಾರೂ ಇಲ್ಲಿಗೆ ಬರಾಕ ಆಗಂಗಿಲ್ಲ."

ಮಾವಾರ ಅಂದನಲ್ಲ, ಆ ಒಂದು ಮಾತಿಗೆ ಚನ್ನವೀರಪ್ಪ ಕರಗಿಹೋದ. ಊಟಕ್ಕೆ ಹೋಳಿಗೆ ಮಾಡಿದ್ದರು. ವರ ಕೇಳಿ ಕೇಳಿ ತುಪ್ಪ ಹಾಕಿಸಿಕೊಂಡ. ಹೊರಡುವ ಮುಂದೆ ಅವನ ಅವ್ವ ಶ್ವೇತಾಳನ್ನು ಮಣೆಯ ಮೇಲೆ ಕೂರಿಸಿ, ಸೆರಗಿನಲ್ಲಿ ಅಕ್ಕಿ, ತೆಂಗಿನಕಾಯಿ, ಕುಪ್ಪಸದ ಕಣ, ಎಲೆ-ಅಡಿಕೆ ಹಾಕಿ ಉಡಿ ತುಂಬಿದಳು. ಹೆಣ್ಣು ನೋಡಲು ಬಂದವರು ಉಡಿ ತುಂಬಿದರೆಂದರೆ ಮಾತು ಕೊಟ್ಟಂತೆಯೇ. ಅದಾದ ಮೇಲೆ ಉಳಿಯುವುದು ಮುಹೂರ್ತ ತೆಗೆಸುವುದಷ್ಟೇ. ಸಂಜೆಯೊಳಗೆ ಗಿರಣಿಗೆ ಬಂದವರಿಗೆಲ್ಲ ಸುಶೀಲವ್ವ ಸಕ್ಕರೆ ಕೊಟ್ಟಳು, ಹಿಟ್ಟನ್ನು ನುಣ್ಣಗೆ ಬೀಸಿಕೊಟ್ಟಳು.

ಆಮೇಲೆ ಹಾನಗಲ್ಲಿನಿಂದ ಸುದ್ದಿಯೇ ಇಲ್ಲ. ಫೋನು ಮಾಡಿದರೆ ಎತ್ತುವುದಿಲ್ಲ. ಕೊನೆಗೆ ಸಂಬಂಧ ತಂದಿದ್ದ ಭರಮಪ್ಪ ಗಿರಣಿಯ ಬಾಗಿಲಲ್ಲಿ ನಿಂತು, ಒಳಗೂ ಬರದೆ, "ಹುಡುಗಗ ಮನಸಿಲ್ಲಂತ್ರಿ" ಎಂದು ಹೇಳಿ ಸೈಕಲ್ಲು ಹತ್ತಿ ಹೋದ. ಕಾರಣ ಕೇಳಿದರೆ ಅವನಿಗೂ ಗೊತ್ತಿಲ್ಲ. ಮುಂದಿನ ಅಮಾವಾಸ್ಯೆಯೊಳಗೆ ಅದೇ ಶರಣುವಿನ ಅವ್ವ ಶಿಗ್ಗಾವಿಯ ಒಂದು ಹುಡುಗಿಯ ಉಡಿ ತುಂಬಿ ಬಂದಳೆಂಬ ಸುದ್ದಿ ಬಂತು.

ಸುಶೀಲವ್ವ ಸುಮ್ಮನೆ ಕೂರುವವಳಲ್ಲ. ಬಸ್ಸು ಹತ್ತಿ ಹಾನಗಲ್ಲಿಗೇ ಹೋದಳು. ಶರಣುವಿನ ಅವ್ವ ಹೊಸ್ತಿಲಲ್ಲೇ ನಿಂತು, "ಈಗಿನ ಹುಡುಗರ ಮನಸು ನಮ್ಮ ಕೈಯಾಗ ಐತೇನ್ರಿ" ಎಂದಳು. ನೀರೂ ಕೇಳಲಿಲ್ಲ. ಒಳಕೋಣೆಯಲ್ಲಿ ಮೊಬೈಲಿನ ಸದ್ದು ಟಿಣಿಟಿಣಿ ಕೇಳುತ್ತಿತ್ತು. ಮಹಾರಾಯ ಎದ್ದು ಹೊರಗೆ ಬರಲಿಲ್ಲ.

ಗಿರಣಿ ಎಂದರೆ ಊರಿನ ಬಾಯಿ. ಡಬ್ಬಿ ಇಟ್ಟು ಸರದಿ ಕಾಯುವ ಹೆಂಗಸರು ಒಬ್ಬರಾದ ಮೇಲೊಬ್ಬರು ಕೇಳಿದರು. "ಶ್ವೇತಾಂದು ಎಲ್ಲಿಗೆ ಬಂತ್ರಿ?" ಎಂದವರೇ ಆಮೇಲೆ ದನಿ ತಗ್ಗಿಸಿ, "ಹುಡುಗೀದ ಏನರ ಐಬು ಹೇಳಿದ್ರೇನ್ರಿ?" ಎಂದರು. ಅವರು ತಗ್ಗಿಸಿದ ದನಿ ಗಿರಣಿಯ ಸದ್ದಿನಲ್ಲೂ ಕೇಳುವಷ್ಟಿರುತ್ತಿತ್ತು. ಶ್ವೇತಾ ಬಸ್‌ಸ್ಟ್ಯಾಂಡಿಗೆ ಹಿಂದಿನ ಓಣಿಯಿಂದ ಹೋಗತೊಡಗಿದಳು. ಗೆಳತಿಯ ಮದುವೆಗೆ ಹೋಗಲಿಲ್ಲ. ಉಡಿಯ ಅಕ್ಕಿಯನ್ನು ಅನ್ನ ಮಾಡಲೂ ಆಗದೆ, ಚೆಲ್ಲಲೂ ಆಗದೆ ಸುಶೀಲವ್ವ ಕೊನೆಗೆ ಪಾರಿವಾಳಗಳಿಗೆ ಹಾಕಿದಳು. ಚನ್ನವೀರಪ್ಪ "ಹಣೆಬರಹ ಬಿಡು" ಎಂದ. ಶ್ವೇತಾ ಒಂದೇ ಮಾತು ಹೇಳಿದಳು: "ಅವ್ವ, ಇನ್ನ ಈ ಮನ್ಯಾಗ ಅವನ ಹೆಸರ ತಗೀಬ್ಯಾಡ."

ಸುಶೀಲವ್ವ ಹೆಸರು ತೆಗೆಯಲಿಲ್ಲ. ಆದರೆ ಒಳಗೊಳಗೇ ಬೀಸುತ್ತಿದ್ದಳು. ಅವಳಿಗೆ ಬೇಕಾದದ್ದು ಒಂದೇ. ನಾಲ್ಕು ಜನರ ಮುಂದೆ ಆ ಹುಡುಗನ ಬಾಯಿಂದ "ನಂದು ತಪ್ಪಾತು" ಎನ್ನಿಸಬೇಕು. ಮದುವೆ ಬೇಡ, ಸಂಬಂಧ ಬೇಡ, ಆ ಒಂದು ಮಾತು ಬೇಕು. ಆದರೆ ಮನೆಗೆ ಹೋದರೆ ಹೊರಗೆ ಬರದವನನ್ನು, ಫೋನು ಎತ್ತದವನನ್ನು ಹಿಡಿಯುವುದೆಲ್ಲಿ?

ದಾರಿ ತೋರಿಸಿದವಳು ದಿಲ್ಶಾದ. ಗಿರಣಿಯ ಗೋಡೆಗೆ ಗೋಡೆ ಹಚ್ಚಿ ಅವಳ ಹೊಲಿಗೆ ಅಂಗಡಿ. ಮಧ್ಯಾಹ್ನ ತ್ರೀ ಫೇಸ್ ಕರೆಂಟು ಹೋಗಿ ಗಿರಣಿ ನಿಂತಾಗ ಇಬ್ಬರೂ ಒಂದೇ ಕಟ್ಟೆಯ ಮೇಲೆ ಕೂರುತ್ತಿದ್ದರು. ಒಂದು ದಿನ ದಿಲ್ಶಾದಳ ಮೊಬೈಲಿನಲ್ಲಿ, ವರ ಬಂದ ದಿನ ಕಂಡಿದ್ದ ಅದೇ ಚೌಕಚೌಕದ ಅಡವಿ, ಅದೇ ಗುಡ್ಡ ಕಂಡು ಸುಶೀಲವ್ವ ನೆಟ್ಟಗೆ ಕುಳಿತಳು.

"ದಿಲ್ಶಾದ, ಇದರಾಗ ಯಾವನರ ಆಕಾಶದಾಗ ಕೋಟಿ ಕಟ್ಯಾನೇನ?"

"ಹಾನಗಲ್ ಶರಣುನ ಕೇಳಾಕತ್ತೀರೇನು? ಅವ ನಮ್ಮ ಲೋಕದಾಗ ಗೌಡ ಇದ್ದಂಗ ಅಕ್ಕಾರ. ಸವಣೂರಾಗ ನಮ್ಮ ಚಿಗವ್ವನ ಮಗ ಈ ಲೋಕ ತಗದಾನ. ನಾಕ ತಾಲೂಕಿನ ಮಂದಿ ಆಡ್ತೇವಿ. ಹೊಸಬರು ಬಂದ್ರ ಶರಣುಗ ದುಡದು ಕೊಡಬೇಕು. ಅವನ ಕೋಟಿಗೆ ಉಸುಕು ತರಬೇಕು, ಕಟಗಿ ತರಬೇಕು. ಒಪ್ಪುವಷ್ಟು ದುಡದ್ರ ರೆಕ್ಕಿ ಕೊಡ್ತಾನ."

"ಆ ಕೋಟಿ ಸುಡತೈತೇನು?"

ದಿಲ್ಶಾದ ಅವಳ ಮುಖ ನೋಡಿದಳು. ಉಡಿ ತುಂಬಿದ ದಿನ ಸಕ್ಕರೆ ತಿಂದವರಲ್ಲಿ ಅವಳೂ ಒಬ್ಬಳು. "ಕಟಗಿ ಕೋಟಿ ಅಕ್ಕಾರ," ಎಂದಳು, "ಭೇಷ ಸುಡತೈತಿ."

ಹಾಗೆ ಗಿರಣಿ ಸುಶೀಲವ್ವ ಐವತ್ತು ದಾಟಿದ ಮೇಲೆ ಆಟಕ್ಕಿಳಿದಳು. ಹೆಸರು ಕೇಳಿದಾಗ 'ತಡಸದ ಪಾರವ್ವ' ಎಂದು ಹಾಕಿಸಿದಳು. ಮೊದಮೊದಲು ಅವಳು ಸತ್ತಷ್ಟು ಯಾರೂ ಸತ್ತಿರಲಿಕ್ಕಿಲ್ಲ. ನೀರಿನಲ್ಲಿ ಮುಳುಗಿ ಸತ್ತಳು, ಹಸಿವಿನಿಂದ ಸತ್ತಳು, ಕತ್ತಲಾದರೆ ಬರುವ ಭೂತಗಳ ಕೈಯಲ್ಲಿ ಸತ್ತಳು, ತಾನೇ ತೋಡಿದ ಗುಂಡಿಗೆ ಬಿದ್ದೂ ಸತ್ತಳು. ಹಿಟ್ಟಿನ ಬೆರಳು ತಾಗಿ ಮೊಬೈಲಿನ ಗಾಜು ಬೆಳ್ಳಗಾಗುತ್ತಿತ್ತು. ಸೆರಗಿನಿಂದ ಒರೆಸಿ ಮತ್ತೆ ಹುಟ್ಟುತ್ತಿದ್ದಳು. ಅವಳಿಗೆ ಎಲ್ಲಕ್ಕಿಂತ ಹೊಟ್ಟೆ ಉರಿಸಿದ್ದು ಬೇರೆಯೇ. ಆ ಲೋಕದಲ್ಲಿ ಗೋಧಿಯನ್ನು ಹಾಗೇ ಮೇಜಿನ ಮೇಲಿಟ್ಟರೆ ರೊಟ್ಟಿಯಾಗುತ್ತಿತ್ತು.

"ಬೀಸದ ರೊಟ್ಟಿ ಹೆಂಗಾತ ಲೇ?" ಎಂದು ಅವಳು ದಿಲ್ಶಾದಳ ಮೇಲೆ ಹರಿಹಾಯ್ದಳು. "ಗಿರಣಿನ ಇಲ್ಲದ ಊರು ಒಂದು ಊರೇನ?"

ಮನೆಯಲ್ಲಿ ಶ್ವೇತಾ ಒಂದು ದಿನ ಇದನ್ನು ನೋಡಿದಳು. ಅವ್ವ ಮೊಬೈಲಿಗೆ ಬೈಯುತ್ತ ಕೂತಿದ್ದು ಕಂಡು ಬಹಳ ದಿನಗಳ ಮೇಲೆ ನಕ್ಕಳು. "ಅಪ್ಪಾ, ಅವ್ವಗ ಹುಚ್ಚು ಹಿಡದೈತಿ ನೋಡಬಾ" ಎಂದು ಕರೆದು ತೋರಿಸಿದಳು. ಅವ್ವ ಯಾರ ಲೋಕದಲ್ಲಿ, ಯಾರ ಕೋಟೆಗೆ ಉಸುಕು ಹೊರುತ್ತಿದ್ದಾಳೆಂದು ಅವಳಿಗೆ ಗೊತ್ತಿರಲಿಲ್ಲ. ಸುಶೀಲವ್ವ ಹೇಳಲೂ ಇಲ್ಲ.

ಹೊತ್ತದ್ದೇನೋ ನಿಜ. ಶರಣುವಿನ ಕೋಟೆಗೆ ಗಾಜಿನ ಛಾವಣಿ ಹಾಕುವುದಿತ್ತು, ಅದಕ್ಕೆ ಉಸುಕು ಬೇಕಿತ್ತು. ಸುಶೀಲವ್ವ ಕರೆಂಟು ಹೋದಾಗಲೆಲ್ಲ ಹೊಳೆದಂಡೆಯಲ್ಲಿ ತೋಡಿದಳು, ಹೊತ್ತಳು, ಕೋಟೆಯ ಕೆಳಗಿನ ಗುಡ್ಡದಲ್ಲಿ ಸುರಿದಳು. ಶರಣು ಮೇಲಿನಿಂದ ರೆಕ್ಕೆ ಬಿಚ್ಚಿ ಇಳಿದು ಬರುತ್ತಿದ್ದ, ಉಸುಕು ನೋಡುತ್ತಿದ್ದ, ಹೋಗುತ್ತಿದ್ದ. ಶ್ರಾವಣ ಕಳೆಯುವಷ್ಟರಲ್ಲಿ ಒಂದು ದಿನ ಅವಳ ಮುಂದೆ ಬೂದುಬಣ್ಣದ ಒಂದು ರೆಕ್ಕೆ ಒಗೆದು, "ಗಟ್ಟಿ ದುಡದ್ರಿ ಪಾರವ್ವ, ತಗೋರಿ" ಎಂದು ಬರೆದ.

ರೆಕ್ಕೆ ಸಿಕ್ಕರೆ ಹಾರಿದಂತಾಯಿತೇ? ಹಗ್ಗ ಸಿಕ್ಕರೆ ಎಮ್ಮೆ ಸಿಕ್ಕಂತಲ್ಲ. ಸುಶೀಲವ್ವ ಗುಡ್ಡದ ತುದಿಯಿಂದ ಜಿಗಿದು ಕಲ್ಲಿನಂತೆ ಬಿದ್ದಳು. ಗಾಳಿಯಲ್ಲಿರುವಾಗಲೇ ಇನ್ನೊಮ್ಮೆ ಜಿಗಿತದ ಗುಂಡಿ ಒತ್ತಿದರೆ ರೆಕ್ಕೆ ಬಿಚ್ಚುತ್ತದೆಂದು ದಿಲ್ಶಾದ ಹೇಳಿಕೊಟ್ಟಳು. ರೆಕ್ಕೆ ಬಿಚ್ಚಿತು. ಆದರೆ ಮೇಲೆ ಹೋಗಬೇಕೆಂಬ ಆಸೆಯಲ್ಲಿ ಸುಶೀಲವ್ವ ಮೂತಿಯನ್ನು ಆಕಾಶಕ್ಕೆ ಎತ್ತುತ್ತಿದ್ದಳು, ಎತ್ತಿದೊಡನೆ ಓಟ ನಿಂತು ಹಿಮ್ಮುಖವಾಗಿ ಬೀಳುತ್ತಿದ್ದಳು. ಅಂಥ ಒಂದು ಸಾವಿನ ನಂತರ ಶರಣು ತಾನಾಗಿ ಬಂದು ಪಕ್ಕದಲ್ಲಿ ನಿಂತ.

"ಮೊದಲ ಮೂತಿ ತೆಳಗ ಮಾಡ್ರಿ," ಎಂದು ಬರೆದ. "ಬೀಳಾಕ ಅಂಜಬ್ಯಾಡ್ರಿ. ಬಿರುಸು ಬಂದ ಮ್ಯಾಲೆ ಹಗೂರಕ ಎತ್ರಿ. ಗಬಕ್ಕನ ಎತ್ತಬ್ಯಾಡ್ರಿ."

ಇದು ಸುಶೀಲವ್ವನಿಗೆ ಥಟ್ಟನೆ ತಿಳಿಯಿತು. ಗಿರಣಿಗೆ ಒಮ್ಮೆಲೇ ಕಾಳು ಸುರಿದರೆ ಮೋಟಾರು ಉಸಿರುಗಟ್ಟಿ ನಿಲ್ಲುತ್ತದೆ. ಓಟ ಹಿಡಿದ ಮೇಲೆ ಹಿಡಿಹಿಡಿಯಾಗಿ ಬಿಡಬೇಕು. ಅವಳು ಕೆರೆಯ ಮೇಲಿನ ಕೋಡುಗಲ್ಲಿನಿಂದ ಜಿಗಿದಳು. ಮೂತಿ ಕೆಳಗೆ. ನೀರು ದಬದಬ ಎದುರಿಗೆ ಬಂತು. ಹಗೂರಕ್ಕೆ ಎತ್ತಿದಳು. ನೀರನ್ನು ಸವರಿದಂತೆ ತೇಲಿಕೊಂಡು ಆಚೆ ದಂಡೆಗೆ ಹೋದಳು. ಕಟ್ಟೆಯ ಮೇಲೆ ಕೂತಿದ್ದ ಸುಶೀಲವ್ವ "ಹೋಯ್!" ಎಂದು ಕೂಗಿದ್ದು ರಸ್ತೆಯಾಚೆಯ ಚಹಾದಂಗಡಿಗೂ ಕೇಳಿಸಿತು. ಇಷ್ಟೆಲ್ಲ ಹೊಟ್ಟೆಯುರಿ ಇಟ್ಟುಕೊಂಡೂ ಅವಳಿಗೆ ಆ ಕ್ಷಣ ಖುಷಿಯಾಯಿತು. ಖುಷಿಯಾಯಿತಲ್ಲ ಎಂದು ಆಮೇಲೆ ಸಿಟ್ಟೂ ಬಂತು.

ತಪ್ಪು ನಡೆದದ್ದು ಆಗಲೇ. ಆಚೆ ದಂಡೆಯಲ್ಲಿ ಇಳಿದಾಗ, ಆಟದಲ್ಲಿ ಅವಳ ಹಸಿವು ತೋರಿಸುವ ಗೆರೆ ತಳ ಕಂಡಿತ್ತು. ಶರಣು ಕೆಲವು ರೊಟ್ಟಿ ಒಗೆದ. ಸುಶೀಲವ್ವ ಹಿಂದೆಮುಂದೆ ನೋಡದೆ ತಿಂದಳು. ತಿಂದು ಮುಗಿದ ಮೇಲೆ ಮೊಬೈಲು ಕೆಳಗಿಟ್ಟಳು.

"ಏನಾತ್ರಿ ಅಕ್ಕಾರ?"

"ಅವನ ರೊಟ್ಟಿ ತಿಂದೆ ದಿಲ್ಶಾದ."

"ಅದು ಆಟದ ರೊಟ್ಟಿರಿ!"

"ಆಟದ ಹಸಿವಿಗೆ ಆಟದ ರೊಟ್ಟಿ. ತಿಂದಿದ್ದು ಖರೇ ಹೌದಲ್ಲ? ಉಂಡ ಮನಿ ಜಂತಿ ಎಣಸಬಾರದು ಅಂತ ನನ್ನವ್ವ ಹೇಳ್ತಿದ್ಲು."

"ಅವ ನಿಮ್ಮ ಮನ್ಯಾಗ ಹೋಳಿಗಿ ತಿಂದು ಹೋಗಿಲ್ಲೇನ್ರಿ?"

"ತಿಂದ. ಅದಕ್ಕ ಅವ ಅಂಥಾವ. ನಾನೂ ಅಂಥಾಕಿ ಆಗ್ಲೇನು?"

ದಿಲ್ಶಾದ ನಕ್ಕು ನಕ್ಕು ಹೊಲಿಗೆಯ ಬಟ್ಟೆಗೆ ಸೂಜಿ ಚುಚ್ಚುವುದನ್ನೇ ಮರೆತಳು. ಸುಶೀಲವ್ವ ನಗಲಿಲ್ಲ. ಸೇಡು ತೀರಿಸಲು ಹೊರಟವಳಿಗೆ ಲೆಕ್ಕ ಚೊಕ್ಕ ಇರಬೇಕು. ಉಂಡ ಋಣ ಇಟ್ಟುಕೊಂಡು ಕೈ ಎತ್ತಿದರೆ ಅವಳ ಮಾತಿಗೆ ತೂಕವೆಲ್ಲಿ? ಅಂದಿನಿಂದ ಉಸುಕು ಬಿಟ್ಟು ಗೋಧಿ ಬಿತ್ತಿದಳು. ಬೆಳೆದಳು, ಕೊಯ್ದಳು, ಬೀಸದ ಆ ಅನಿಷ್ಟ ರೊಟ್ಟಿ ಮಾಡಿದಳು. ಒಂದು ಪೆಟ್ಟಿಗೆ ತುಂಬಿ, ಕೋಟೆಯ ಕೆಳಗಿನ ಗುಡ್ಡದ ಮೇಲಿಟ್ಟು, "ಇದು ನಿಮಗ" ಎಂದು ಹಲಗೆ ಬರೆದು ನೆಟ್ಟಳು. ಶರಣು ಪೆಟ್ಟಿಗೆ ಬರಿದು ಮಾಡಿಕೊಂಡ. ಯಾಕೆ ಎಂದೂ ಕೇಳಲಿಲ್ಲ. ಕೊಡುವವರು ಕೊಡುತ್ತಲೇ ಇರುತ್ತಾರೆ ಎಂದು ತಿಳಿದವನಿಗೆ ಕೇಳುವ ಗರಜು ಇರುವುದಿಲ್ಲ.

ರೊಟ್ಟಿಯ ಋಣ ತೀರಿತು. ರೆಕ್ಕೆ ದುಡಿದ ಕೂಲಿ. ಉಳಿದದ್ದು ಹಾರಲು ಕಲಿಸಿದ ಋಣ. ಅದಕ್ಕೂ ಸುಶೀಲವ್ವ ದಾರಿ ಕಂಡುಕೊಂಡಳು. ಕಲಿತದ್ದನ್ನು ಗುರುವಿನ ಕಣ್ಣೆದುರೇ ಮಾಡಿ ತೋರಿಸುವುದಕ್ಕಿಂತ ದೊಡ್ಡ ದಕ್ಷಿಣೆ ಯಾವುದಿದೆ!

ಇನ್ನು ತೇಲಿದರೆ ಸಾಲದು, ಹಾರಬೇಕಿತ್ತು. ತೇಲುವವರು ಎತ್ತರದಿಂದ ತಗ್ಗಿಗೆ ಬರಬಲ್ಲರು, ಅಷ್ಟೇ. ಕೋಟೆ ಎಲ್ಲ ಗುಡ್ಡಗಳಿಗಿಂತ ಮೇಲಿತ್ತು. ಅದಕ್ಕೆ ರಾಕೆಟ್ ಪಟಾಕಿ ಬೇಕು. ಹಾರುವಾಗ ಹಚ್ಚಿದರೆ ಬೆನ್ನಿಗೆ ಗುದ್ದಿದಂತೆ ಮುಂದಕ್ಕೆ ತಳ್ಳುತ್ತದೆ. ಅದನ್ನು ಕಲಿಯುವಾಗ ಸುಶೀಲವ್ವ ಗುಡ್ಡಗಳಿಗೆ ಢಿಕ್ಕಿ ಹೊಡೆದಳು, ಮರಗಳಿಗೆ ಹೊಡೆದಳು, ಒಮ್ಮೆ ಆಕಾಶದಲ್ಲಿ ಪಟಾಕಿ ತೀರಿ, ಸಮುದ್ರದ ನಡುವೆ ಬಿದ್ದು ರೆಕ್ಕೆಯನ್ನೇ ಕಳೆದುಕೊಳ್ಳುವುದರಲ್ಲಿದ್ದಳು. ಈಜಿ ಬಂದಳು. ಗಣಪತಿ ಹಬ್ಬ ಬಂದು ಹೋಯಿತು. ದಸರೆಯ ಹೊತ್ತಿಗೆ ಅವಳು ಕಣ್ಣುಮುಚ್ಚಿ ಹಾರಬಲ್ಲವಳಾಗಿದ್ದಳು. ಊರಿನ ಹಿಟ್ಟು ಮಾತ್ರ ಆ ತಿಂಗಳುಗಳಲ್ಲಿ ದಪ್ಪವೋ ದಪ್ಪ.

ಶರಣು ತನ್ನ ಗಾಜಿನ ಛಾವಣಿ ಮುಗಿಯಿತೆಂದು ಒಂದು ಭಾನುವಾರ ಮಧ್ಯಾಹ್ನ ಎಲ್ಲರನ್ನೂ ಕರೆದ. ಒಬ್ಬರ ಮಾತು ಒಬ್ಬರಿಗೆ ಕೇಳುವಂತೆ ಎಲ್ಲರೂ ಮೊಬೈಲಿನ ಮೈಕು ತೆರೆದಿಟ್ಟು ಬನ್ನಿ, ಕೋಟೆ ನೋಡಿ ಎಂದ. ನಾಲ್ಕು ತಾಲೂಕಿನ ಮಂದಿ ಸೇರಿದರು. ಚನ್ನವೀರಪ್ಪ ಪರವೂರಿಗೆ ಹೋಗಿದ್ದ, ಶ್ವೇತಾ ಒಳಗೆ ತಲೆಗೆ ಎಣ್ಣೆ ಹಚ್ಚಿಕೊಳ್ಳುತ್ತಿದ್ದಳು. ಸುಶೀಲವ್ವ ಪಡಸಾಲೆಯಲ್ಲಿ ಕಾಲು ಚಾಚಿ ಕೂತು, ನೆಲದಾಳದ ಕುದಿಯುವ ಲಾವಾವನ್ನು ಬಕೆಟ್ಟುಗಳಲ್ಲಿ ತುಂಬಿಕೊಂಡು ಪಟಾಕಿ ಹಚ್ಚಿದಳು.

ಮೋಡ ದಾಟಿ ಮೇಲೆ ಹೋಗಿ ಕೆಳಗೆ ನೋಡಿದರೆ ಕೋಟೆ ಅಂಗೈಯಗಲ ಕಂಡಿತು. ತಾನು ಹೊತ್ತ ಉಸುಕು ಗಾಜಾಗಿ ಹೊಳೆಯುತ್ತಿತ್ತು. ಸುಶೀಲವ್ವನಿಗೆ ಚೂರೂ ಮರುಕ ಬರಲಿಲ್ಲ. ಎದೆ ತುಂಬ ತಂಪಾಯಿತು. ನೇರ ಕೆಳಗೆ ನುಗ್ಗಿ, ಬುರುಜಿನ ಮೇಲೆ ಕಾಲೂರಿ, ಮೊದಲ ಬಕೆಟ್ಟು ಸುರಿದಳು. ಮತ್ತೆ ಹಾರಿ ಆಚೆ ಬುರುಜಿಗೆ ಹೋಗಿ ಇನ್ನೊಂದು. ಕೆಂಪು ನಿಧಾನವಾಗಿ ಹರಿದು ತೊಲೆ ಹಿಡಿಯಿತು, ಬಾಗಿಲು ಹಿಡಿಯಿತು.

"ಏಯ್! ಪಾರವ್ವ! ಏನ ಮಾಡಾಕತ್ತೀರಿ?" ಶರಣುವಿನ ದನಿ ಹೆಣ್ಣುಮಕ್ಕಳ ದನಿಯಷ್ಟು ಎತ್ತರಕ್ಕೆ ಹೋಯಿತು. ಅವನ ಬಳಿ ನೀರಿರಲಿಲ್ಲ. ಆಕಾಶದಲ್ಲಿ ನೀರೆಲ್ಲಿ?

ಸುಶೀಲವ್ವ ಮೈಕಿನ ಗುಂಡಿ ಒತ್ತಿದಳು.

"ನಾ ಪಾರವ್ವ ಅಲ್ಲೋ ಶರಣಪ್ಪ. ಚಿಕ್ಕೇರೂರ ಗಿರಣಿ ಸುಶೀಲವ್ವ. ನನ್ನ ಮನ್ಯಾಗ ಹೋಳಿಗಿ ಉಂಡಿ. ನಿಮ್ಮವ್ವ ನನ್ನ ಮಗಳ ಉಡಿ ತುಂಬಿದ್ಲು. ಆಮ್ಯಾಲೆ ಮಾರಿ ತೋರಿಸಲಿಲ್ಲ. ಇಷ್ಟ ಮಂದಿ ಕೇಳಾಕತ್ತಾರ. ತಪ್ಪಾತು ಅನ್ನು."

ಗಾಜು ಒಂದೊಂದೇ ಕೆಳಗೆ ಬೀಳುತ್ತಿತ್ತು.

"ತಪ್ಪಾತ್ರಿ! ತಪ್ಪಾತು, ತಪ್ಪಾತು! ಮೊದಲ ಅದನ್ನ ನಿಂದರಸ್ರಿ!"

ಬೇಕಾದ ಮಾತು ಬಂದೇಬಿಟ್ಟಿತು. ನಾಲ್ಕು ತಾಲೂಕು ಕೇಳಿತು. ಆದರೆ ಅದು ಬಂದ ಸಲೀಸು ಸುಶೀಲವ್ವನಿಗೆ ಹಿಡಿಸಲಿಲ್ಲ. ಬಸ್ಸಿನಲ್ಲಿ ಕಾಲು ತುಳಿದವರೂ ಇದಕ್ಕಿಂತ ತಡೆದು ಹೇಳುತ್ತಾರೆ.

"ಯಾರ ಮುಂದ ತಪ್ಪಾತು? ಆಕಿ ಹೆಸರ ತಗೊಂಡು ಹೇಳು."

ಶರಣು ತಡವರಿಸಿದ. "ಚಿಕ್ಕೇರೂರು ಅಂದ್ರ... ಬ್ಯಾಂಕಿನಾಗ ಇದ್ದಾಕಿ ಏನ್ರಿ?"

"ಅಲ್ಲ."

"ಹಂಗಾದ್ರ ಚಷ್ಮಾ ಹಾಕ್ಕೊಂತಿದ್ಲಲ್ರಿ, ಆಕಿ? ಅಲ್ಲಲ್ಲ, ಆಕಿ ಸವಣೂರ ಕಡೆಯಾಕಿ... ನಮ್ಮವ್ವ ಭಾಳ ಕಡೆ ಉಡಿ ತುಂಬ್ಯಾಳ್ರಿ, ನನಗ ಎಲ್ಲಾ ನೆನಪಿರಂಗಿಲ್ಲ. ಯಾವ ಹುಡುಗಿರಿ ನಿಮ್ಮದು?"

ಇಷ್ಟು ತಿಂಗಳು ಸುಶೀಲವ್ವ ಬೀಸಿದ್ದು, ಹೊತ್ತದ್ದು, ಸತ್ತು ಹುಟ್ಟಿದ್ದು ಎಲ್ಲ ಅವನಿಗೆ ತನ್ನ ತಪ್ಪು ಗೊತ್ತಿದೆ ಎಂಬ ನಂಬಿಕೆಯ ಮೇಲೆ. ಅವನಿಗೆ ಮಗಳ ಮುಖವೂ ನೆನಪಿರಲಿಲ್ಲ. ಮುಖವನ್ನು ಅವನು ನೋಡಿಯೇ ಇರಲಿಲ್ಲ. ಅವಳು ಹೆಸರು ಹೇಳಲು ಬಾಯಿ ತೆರೆದಳು, ಅಷ್ಟರಲ್ಲಿ ಕತ್ತೆತ್ತಿದರೆ ನಡುಮನೆಯ ಬಾಗಿಲಲ್ಲಿ ಶ್ವೇತಾ ನಿಂತಿದ್ದಳು. ಒಂದು ಕೈಯಲ್ಲಿ ಎಣ್ಣೆಯ ಬಟ್ಟಲು, ಬಿಚ್ಚಿದ ಕೂದಲು. ಎಲ್ಲವನ್ನೂ ಕೇಳಿಸಿಕೊಂಡ ಮುಖ.

ಸುಶೀಲವ್ವ ಗಡಿಬಿಡಿಯಲ್ಲಿ ಮೊಬೈಲನ್ನು ಸೆರಗಿನಲ್ಲಿ ಮುಚ್ಚಲು ಹೋದಳು. "ಏನಿಲ್ಲವ್ವ, ಆಟ..." ಎಂದಳು.

ಶ್ವೇತಾ ಬಟ್ಟಲನ್ನು ಕಿಟಕಿಯಲ್ಲಿಟ್ಟಳು. ಬಂದು ಅವ್ವನ ಮಗ್ಗುಲಲ್ಲಿ ಕುಳಿತಳು. ಸೆರಗು ಸರಿಸಿ, ಉರಿಯುವ ಕೋಟೆಯನ್ನು ನೋಡಿದಳು. ಮೊಬೈಲಿನೊಳಗಿಂದ ಶರಣು ಇನ್ನೂ ಕೇಳುತ್ತಿದ್ದ, ಯಾವ ಹುಡುಗಿರಿ, ಹೇಳ್ರಲಾ, ಯಾವ ಹುಡುಗಿ.

"ಹೇಳಬ್ಯಾಡವ್ವ," ಎಂದಳು ಶ್ವೇತಾ. ಎಣ್ಣೆಯ ಬೆರಳಿನಿಂದ ಗಾಜಿನ ಮೇಲೆ ಒಂದು ಕಡೆ ತೋರಿಸಿದಳು. "ಆ ಮೂಲಿ ಗ್ವಾಡಿ ಇನ್ನೂ ನಿಂತೈತಿ ನೋಡು."